ಅವಿರೋಧವಾಗಿ ಎದ್ದ ಕೈಗಳು

ನನಗೆ ಯಾರ ಮೇಲೂ ಸುಲಭಕ್ಕೆ ನಂಬಿಕೆ ಬರುವುದಿಲ್ಲ. ಹಾಲಿನ ಡಬ್ಬದ ಮೇಲೆ ತಾರೀಖು ಎಷ್ಟೇ ದಪ್ಪಗೆ ಅಚ್ಚಾಗಿದ್ದರೂ ಮೂಸಿ ನೋಡದೆ ಕಾಫಿಗೆ ಹಾಕಿದವಳಲ್ಲ. ನನ್ನವರು ಇದನ್ನು ರೋಗ ಅನ್ನುತ್ತಾರೆ. ಆದರೆ ಬ್ಯಾಂಕುಗಳು ಒಂದರ ಹಿಂದೊಂದು ಮಗುಚಿಕೊಂಡ ಆ ವರ್ಷಗಳಲ್ಲಿ ನ್ಯೂಜೆರ್ಸಿಯ ಈಸ್ಟ್ ಬ್ರನ್ಸ್‌ವಿಕ್‌ನ ನಮ್ಮ ಟೌನ್‌ಹೌಸ್ ಕಾಲೊನಿಗೆಲ್ಲ ಈ ರೋಗ ಅಂಟಿಕೊಂಡಿತ್ತು. ಬೆಳಿಗ್ಗೆ ಹೊರಡಬೇಕಾದ ಕಾರು ಮಧ್ಯಾಹ್ನವಾದರೂ ಮನೆ ಮುಂದೆಯೇ ನಿಂತಿದ್ದರೆ ಆ ಮನೆಯವನ ಕೆಲಸ ಹೋಯಿತೆಂದು ಅರ್ಥ. ಗುರುತಿಲ್ಲದ ಕಾರು ನಿಂತಿದ್ದರೆ ಒಳಗೆ ಗುಟ್ಟಾಗಿ ಬಾಡಿಗೆಗೆ ಬಿಟ್ಟಿದ್ದಾರೆಂದು ಅರ್ಥ. ಎದುರಿಗೆ ಸಿಕ್ಕರೆ ಮಾತ್ರ ಎಲ್ಲರೂ ಹಲ್ಲು ಬಿಟ್ಟು ಹಲೋ ಹೇಳುತ್ತಿದ್ದರು.

ಪಕ್ಕದ ಮನೆಯಾಕೆ ಬಲ್ಗೇರಿಯಾದವಳು. ಒಂದು ದಿನ ಬ್ಲೈಂಡ್ಸ್ ಸಂದಿಯಿಂದ ಆಕೆಯ ಬಾಗಿಲ ಕಡೆ ನೋಡುತ್ತಿದ್ದೆ. ಆಕೆಯೂ ತನ್ನ ಕಿಟಕಿಯ ಸಂದಿಯಿಂದ ನನ್ನನ್ನೇ ನೋಡುತ್ತಿದ್ದಳು. ಸಂಜೆ ಕಸದ ಡಬ್ಬ ಹೊರಗಿಡುವಾಗ ಎದುರಾದೆವು. ನಾನು ಬಾಯಿ ತೆರೆಯುವ ಮೊದಲೇ ಆಕೆ, "ಯಾಕೆ ನೋಡ್ತಿದ್ದೆ?" ಅಂದಳು. ಆಕೆಯದು ತಡೆತಡೆದು ಬರುವ ಇಂಗ್ಲಿಷ್. ಇಲ್ಲಿ ಅದನ್ನು ಕನ್ನಡದಲ್ಲಿ ಬರೆಯುತ್ತಿದ್ದೇನೆ.

"ನೀನು ನೋಡ್ತೀಯೇನೋ ಅಂತ ನೋಡ್ತಿದ್ದೆ" ಅಂದೆ.

ಆಕೆ ನಕ್ಕಳು. "ಇಲ್ಲಿ ಎಲ್ಲರೂ ಸುಮ್ಮಸುಮ್ಮನೆ ನಗ್ತಾರೆ. ನನಗೆ ಹೆದರಿಕೆ ಆಗುತ್ತೆ. ನೀನೊಬ್ಬಳೇ ಸರಿಯಾಗಿರೋದು" ಅಂದಳು. ಜೀವಮಾನದಲ್ಲಿ ಯಾರೂ ನನ್ನನ್ನು ಇದಕ್ಕಾಗಿ ಹೊಗಳಿರಲಿಲ್ಲ. ಅವತ್ತಿನಿಂದ ಗೆಳತಿಯರಾದೆವು.

ಗ್ರೀನ್ ಕಾರ್ಡಿನ ಲಾಟರಿ ಹೊಡೆದು ಗಂಡನ ಜೊತೆ ಬಂದವಳು ಆಕೆ. ಗಂಡ ತೀರಿಹೋದ ಮೇಲೆ ಒಂದು ಶಾಲೆಯ ಅಡುಗೆಮನೆಯಲ್ಲಿ ದುಡಿದು ಮನೆ ಉಳಿಸಿಕೊಂಡಿದ್ದಳು. ಆ ವರ್ಷ ಚಳಿ ಇಳಿಯುವ ಹೊತ್ತಿಗೆ ಆಕೆಯ ಅಕ್ಕ ಒಂದೇ ಸೂಟ್‌ಕೇಸ್ ಹಿಡಿದು ಬಂದಿಳಿದಳು. ಅಕ್ಕನಂತೆ, ಮುಖದಲ್ಲಿ ಒಂದಿಷ್ಟೂ ಹೋಲಿಕೆಯಿಲ್ಲ! ನಾನು ವಾರಗಟ್ಟಲೆ ಅನುಮಾನಪಟ್ಟೆ. ಕೊನೆಗೆ ಅವರಿಬ್ಬರೂ ಹಿತ್ತಲಲ್ಲಿ ನಿಂತು ಒಣಗಿಸಿದ ಬಟ್ಟೆಯನ್ನು ಹೇಗೆ ಮಡಚಬೇಕೆಂದು ಕಿತ್ತಾಡುವುದನ್ನು ಕೇಳಿದ ಮೇಲೆ, ಭಾಷೆ ಒಂದಕ್ಷರ ತಿಳಿಯದಿದ್ದರೂ, ಒಡಹುಟ್ಟಿದವರೇ ಎಂದು ಒಪ್ಪಿಕೊಂಡೆ.

ಬಲ್ಗೇರಿಯಾ ಯುರೋಪಿನ ಒಕ್ಕೂಟಕ್ಕೆ ಸೇರಿದ ಮೇಲೆ ಅಕ್ಕನ ಊರಿನವರು ಬಸ್ಸು ತುಂಬಿಕೊಂಡು ಸ್ಪೇನಿಗೆ ಹೋಗಿದ್ದರಂತೆ. ಅಕ್ಕನೂ ಹೋಗಿ ಅಲ್ಲೊಬ್ಬ ಮುದುಕಿಯನ್ನು ನೋಡಿಕೊಳ್ಳುವ ಕೆಲಸ ಹಿಡಿದಳು. ಮುದುಕಿಯ ಮಗ ಮನೆ ಕಟ್ಟಿಸಿ ಮಾರುವವನು. ಮನೆಗಳ ವ್ಯಾಪಾರ ನೆಲಕಚ್ಚಿದಾಗ ಅಕ್ಕನನ್ನು ಕಳಿಸಿಬಿಟ್ಟರು. ಊರಿಗೆ ಮರಳಿದರೆ ಅಲ್ಲಿ ಅಂಗಡಿಯೂ ಮುಚ್ಚಿತ್ತು, ಶಾಲೆಯೂ ಮುಚ್ಚಿತ್ತು. "ಕಮ್ಯುನಿಸ್ಟರ ಕಾಲದಲ್ಲಿ ಗಡಿ ದಾಟೋಕೆ ಬಿಡ್ತಿರಲಿಲ್ಲ. ಈಗ ದಾಟಬೇಡ ಅನ್ನೋಕೂ ಊರಲ್ಲಿ ಜನ ಇಲ್ಲ" ಎಂದು ಪಕ್ಕದ ಮನೆಯಾಕೆ ಹೇಳಿದಳು. ಅಷ್ಟರಲ್ಲಿ ತಂಗಿ ಎಂದೋ ಹಾಕಿದ್ದ ಗ್ರೀನ್ ಕಾರ್ಡ್ ಅರ್ಜಿ ಪಾಸಾಗಿ ಅಕ್ಕ ಇಲ್ಲಿಗೆ ಬಂದಳು. ಈ ಮನೆ ಬಿಟ್ಟರೆ ಅವಳಿಗೆ ಭೂಮಿಯ ಮೇಲೆ ಇನ್ನೊಂದು ಮನೆ ಇರಲಿಲ್ಲ.

ನಮ್ಮ ಕಾಲೊನಿಯ ಅಸೋಸಿಯೇಷನ್ನಿಗೆ ಮೈಸೂರಿನ ಅಂಕಲ್ ಒಬ್ಬರು ಅಧ್ಯಕ್ಷರು. ನಾವು ಮನೆ ಕೊಳ್ಳುವ ಮೊದಲಿಂದಲೂ ಅವರೇ. ಒಳ್ಳೆಯ ಮನುಷ್ಯ. ಹಿಮ ಬಿದ್ದರೆ ಎಲ್ಲರಿಗಿಂತ ಮೊದಲು ಎದ್ದು ಪಕ್ಕದವರ ಮೆಟ್ಟಿಲ ಮೇಲಿನದನ್ನೂ ತೆಗೆದುಕೊಡುವವರು. ಬಾಡಿಗೆಯ ಗುಮಾನಿ ಹೆಚ್ಚಿದಾಗ, ಮನೆಗಳ ಬೆಲೆ ಇನ್ನೂ ಬಿದ್ದುಹೋಗುತ್ತದೆಂದು ಹೆದರಿ, ಅವರೊಂದು ನಿಯಮವನ್ನು ಸಭೆಯ ಮುಂದಿಡಲು ಹೊರಟರು. ಮಾಲೀಕರು, ಅವರ ಮಕ್ಕಳು ಮತ್ತು ತಂದೆತಾಯಿ ಬಿಟ್ಟು ಬೇರೆ ಯಾರೂ ತಿಂಗಳಿಗಿಂತ ಹೆಚ್ಚು ಉಳಿಯಕೂಡದು. ಓದಿದ ತಕ್ಷಣ ನನ್ನ ಮೂಗು ಚುರುಕಾಯಿತು. ತಂದೆತಾಯಿಯನ್ನು ಸೇರಿಸಿದ್ದು ಯಾರಿಗಾಗಿ? ಇಂಡಿಯಾದಿಂದ ಆರಾರು ತಿಂಗಳಿಗೆ ಬಂದಿಳಿಯುವ ನಮ್ಮ ಅಪ್ಪ ಅಮ್ಮಂದಿರಿಗಾಗಿ. ಅಕ್ಕತಂಗಿಯರ ಮಾತೇ ಅದರಲ್ಲಿರಲಿಲ್ಲ.

"ನಾನು ಸಭೆಗೆ ಬಂದು ಬೇಡ ಅಂತೀನಿ. ಎಲ್ಲರ ಮುಂದೆ ಹೇಳ್ತೀನಿ" ಎಂದು ಪಕ್ಕದ ಮನೆಯಾಕೆ ನನಗೆ ಮಾತು ಕೊಟ್ಟಳು. ಆಕೆ ಹಾಗೆಂದರೆ ಬೆಂಬಲಕ್ಕೆ ನಾಲ್ಕು ಜನ ನಿಲ್ಲುತ್ತಾರೆಂದು ನಾನು ಧೈರ್ಯ ಹೇಳಿದೆ.

ಭಾನುವಾರ ಕ್ಲಬ್‌ಹೌಸಿನಲ್ಲಿ ಸಭೆ. ಐಸೆಲಿನ್‌ನ ಇಂಡಿಯನ್ ಅಂಗಡಿಯಿಂದ ತಂದ ಸಮೋಸ, ಫ್ಲಾಸ್ಕಿನಲ್ಲಿ ಚಹಾ. ಅಕ್ಕತಂಗಿಯರು ಮುಂದಿನ ಸಾಲಿನಲ್ಲೇ ಕೂತಿದ್ದರು. ಮನೆಗೊಂದು ವೋಟು. ನಮ್ಮ ಮನೆಯ ವೋಟು ನನ್ನವರದು. ಅಂಕಲ್ ನಿಯಮ ಓದಿ, ಒಪ್ಪುವವರು ಕೈ ಎತ್ತಿ ಅಂದರು. ಒಂದೊಂದಾಗಿ ಕೈಗಳು ಎದ್ದವು. ನನ್ನವರೂ ಆ ಕಡೆ ಈ ಕಡೆ ನೋಡಿ ಎತ್ತಿದರು. ಆಗ ನಾನು ಕಂಡದ್ದನ್ನು ಈಗಲೂ ಮರೆಯಲಾರೆ. ಪಕ್ಕದ ಮನೆಯಾಕೆಯ ಕೈ ಮೇಲಿತ್ತು. ಬೆರಳು ಜೋಡಿಸಿ, ಮೊಣಕೈ ಬಾಗದಂತೆ, ಎಲ್ಲರಿಗಿಂತ ನೆಟ್ಟಗೆ ಎತ್ತಿದ್ದಳು. ತಂಗಿ ಎತ್ತಿದ್ದನ್ನು ನೋಡಿ, ವೋಟೇ ಇಲ್ಲದ ಅಕ್ಕನೂ ಕೈ ಎತ್ತಿದಳು. ಹಿಂದೆ ಯಾರೋ ಕಿಸಕ್ಕನೆ ನಕ್ಕರು.

"ಅವಿರೋಧ!" ಎಂದು ಅಂಕಲ್ ಖುಷಿ ತಡೆಯಲಾರದೆ ಕನ್ನಡದಲ್ಲೇ ಹೇಳಿ, ಆಮೇಲೆ ಇಂಗ್ಲಿಷಿನಲ್ಲಿ ಹೇಳಿದರು. ಚಪ್ಪಾಳೆ ಬಿತ್ತು.

ನನಗೆ ಮೈ ಉರಿಯಿತು. ಮೊದಲು ಬಂದ ಯೋಚನೆ ಕೆಟ್ಟದ್ದೇ. ಇವಳಿಗೆ ಅಕ್ಕ ಭಾರವಾಗಿದ್ದಾಳೆ, ತಾನೇ ಹೋಗೆನ್ನಲಾಗದೆ ಅಸೋಸಿಯೇಷನ್ ಕೈಯಲ್ಲಿ ಹೇಳಿಸುತ್ತಿದ್ದಾಳೆ ಅಂದುಕೊಂಡೆ. ಮರುದಿನ ಆಕೆಯ ಬಾಗಿಲು ಬಡಿದು ಮುಖಕ್ಕೇ ಕೇಳಿದೆ. ಒಳಗೆ ಅಕ್ಕ ಸೂಟ್‌ಕೇಸ್ ತೆರೆದಿಟ್ಟು ಕೂತಿದ್ದಳು.

"ಬೇಡ ಅಂತ ಹೇಳೋಕೇ ಬಂದಿದ್ದೆ" ಅಂದಳು ಪಕ್ಕದ ಮನೆಯಾಕೆ. "ಬಚ್ಚಲುಮನೆ ಕನ್ನಡಿ ಮುಂದೆ ಅಭ್ಯಾಸ ಕೂಡ ಮಾಡಿದ್ದೆ. ನಿಮ್ಮ ಅಧ್ಯಕ್ಷ ಕೈ ನೋಡ್ತಿರಲಿಲ್ಲ, ಮುಖ ನೋಡ್ತಿದ್ದ. ಅಷ್ಟು ಸಾಕಾಯ್ತು, ಕೈ ತಾನಾಗಿ ಎದ್ದುಬಿಡ್ತು."

ಆಕೆಯ ಅಪ್ಪ ಕಾರ್ಖಾನೆಯಲ್ಲಿದ್ದನಂತೆ. ಅಲ್ಲಿ ಪ್ರತಿ ಸಭೆಯಲ್ಲೂ ಎಲ್ಲರ ಕೈ ಒಟ್ಟಿಗೇ ಏಳಬೇಕು. ಒಮ್ಮೆ ಅಪ್ಪನ ಬಲಗೈ ಮುರಿದು ಪ್ಲಾಸ್ಟರಿನಲ್ಲಿತ್ತು. ಎಡಗೈ ಎತ್ತಿದ. ಯಾಕೆ ಎಡಗೈ ಎಂದು ಕರೆಸಿ ವಿಚಾರಿಸಿದರು. ಪ್ಲಾಸ್ಟರ್ ಕಣ್ಣಿಗೆ ಕಾಣುತ್ತಿದ್ದರೂ ವಿಚಾರಿಸಿದರು. ಆ ವರ್ಷ ಅಕ್ಕನಿಗೆ ಕಾಲೇಜಿನಲ್ಲಿ ಸೀಟು ಸಿಗಲಿಲ್ಲ. ಕಾರಣ ಅದೇ ಎಂದು ಯಾರೂ ಹೇಳಲಿಲ್ಲ, ಬೇರೆ ಕಾರಣವನ್ನೂ ಹೇಳಲಿಲ್ಲ. "ಇದು ಅಮೆರಿಕಾ ಅಂತ ನನಗೆ ಗೊತ್ತು. ಆದರೆ ಎಲ್ಲರೂ ಒಪ್ಪಿದ್ದಾರೆ ಅಂದ ಕೂಡಲೇ ನನಗೆ ಅಪ್ಪನ ಪ್ಲಾಸ್ಟರ್ ಕಾಣುತ್ತೆ" ಅಂದಳು.

ಮನೆಗೆ ಬಂದ ಮೇಲೆ ನನಗೊಂದು ವಿಷಯ ಹೊಳೆಯಿತು. ಎಲ್ಲವನ್ನೂ ಅನುಮಾನಿಸುವ ನಾನು 'ಅವಿರೋಧ' ಎಂಬ ಮಾತನ್ನು ಮಾತ್ರ ಯಾವತ್ತೂ ಅನುಮಾನಿಸಿರಲಿಲ್ಲ. ಊರಿನ ಸಹಕಾರ ಸಂಘವಿರಲಿ, ಇಲ್ಲಿನ ಕನ್ನಡ ಕೂಟವಿರಲಿ, ಅವಿರೋಧ ಆಯ್ಕೆ ಎಂದರೆ ನಮಗೆ ಮರ್ಯಾದೆಯ ವಿಷಯ. ಪೇಪರಿನಲ್ಲಿ ಹಾರ ಹಾಕಿಕೊಂಡ ಫೋಟೋ ಬರುತ್ತದೆ. ಹಿಂದಿನ ದಿನ ಯಾರ ಮನೆಗೆ ಹೋಗಿ, ಯಾರ ಕೈಹಿಡಿದು, ಯಾರಿಂದ ನಾಮಪತ್ರ ವಾಪಸ್ ತೆಗೆಸಿದರೆಂದು ಯಾರೂ ಬರೆಯುವುದಿಲ್ಲ.

ಅಂಕಲ್ ಮನೆಗೆ ಹೋಗಿ, ಚೀಟಿ ಹಾಕಿ ಇನ್ನೊಮ್ಮೆ ವೋಟು ಮಾಡಿಸಿ ಅಂದೆ. ಅವರ ಮುಖ ಚಿಕ್ಕದಾಯಿತು.

"ಏನಮ್ಮಾ, ಇಷ್ಟು ವರ್ಷದಲ್ಲಿ ನಮ್ಮಲ್ಲಿ ಎಲೆಕ್ಷನ್ ಅಂತಾನೇ ಆಗಿಲ್ಲ. ಒಂದು ಫ್ಯಾಮಿಲಿ ಥರ ಇದೀವಿ. ಈಗ ಬ್ಯಾಲಟ್ ಇಟ್ರೆ ಯಾರಿಗೂ ಯಾರ ಮೇಲೂ ಟ್ರಸ್ಟ್ ಇಲ್ಲ ಅಂದಂಗಾಗಲ್ವಾ?"

"ಟ್ರಸ್ಟ್ ಇಲ್ವಲ್ಲ ಅಂಕಲ್."

"ನಿಮ್ಮ ಹಿಂದೆ ಯಾರಿದಾರೆ, ಹೇಳಿ. ಆ ಪಕ್ಕದ ಮನೆಯವರಾ? ಅವರೇ ಕೈ ಎತ್ತಿದ್ರಲ್ಲಾ, ನಾನೇ ನೋಡಿದೀನಿ."

ನ್ಯಾಯ ಹೇಳಿ ಪ್ರಯೋಜನವಿಲ್ಲವೆಂದು ತಿಳಿದು ಬೇರೆ ದಾರಿ ಹಿಡಿದೆ. "ಅಂಕಲ್, ನಿಮ್ಮ ಮೇಲೇ ಜನಕ್ಕೆ ಡೌಟ್ ಬಂದಿದೆ. ಎದುರಿಗೆ ಕೈ ಎತ್ತಿಸಿ ಪಾಸ್ ಮಾಡಿಸ್ಕೊಂಡ್ರು ಅಂತಿದಾರೆ. ಬ್ಯಾಲಟ್ ಮಾಡಿ ಗೆದ್ದುಬಿಟ್ರೆ ಅವರ ಬಾಯಿ ಮುಚ್ಚುತ್ತೆ." ಹಾಗೆ ಯಾರೂ ಅಂದಿರಲಿಲ್ಲ. ಅಂಕಲ್ ಅದನ್ನು ತಕ್ಷಣ ನಂಬಿದರು. ಆ ಕಾಲದಲ್ಲಿ ಜನ ನಂಬುತ್ತಿದ್ದದ್ದು ಅಂಥದ್ದನ್ನೇ.

ಎರಡನೆಯ ಸಭೆಗೆ ಪ್ರೆಷರ್ ಕುಕ್ಕರ್ ಬಂದಿದ್ದ ರಟ್ಟಿನ ಡಬ್ಬಕ್ಕೆ ಅಂಕಲ್ ಸೀಳು ಮಾಡಿ ತಂದಿಟ್ಟರು. ಪಕ್ಕದ ಮನೆಯಾಕೆ ಎದ್ದುಹೋಗಿ ಡಬ್ಬವನ್ನು ಬೋರಲು ಹಾಕಿ, ತಟ್ಟಿ, ಒಳಗೆ ಇಣುಕಿ ನೋಡಿದಳು. "ಎಲ್ಲರಿಗೂ ಒಂದೇ ಬಣ್ಣದ ಪೆನ್ನು ಕೊಡಿ" ಅಂದಳು. ನನಗೇ ಹೊಳೆದಿರಲಿಲ್ಲ. ನಮ್ಮ ಮನೆಯ ವೋಟು ಈ ಸಲ ನನ್ನದೆಂದು ನನ್ನವರಿಗೆ ಮೊದಲೇ ಹೇಳಿಟ್ಟಿದ್ದೆ. ಒಬ್ಬೊಬ್ಬರೇ ಪಕ್ಕದ ಕೋಣೆಗೆ ಹೋಗಿ, ಬರೆದು, ಚೀಟಿ ಮಡಚಿ ಹಾಕಿ ಬಂದೆವು. ಅಕ್ಕ ಮಡಿಲಲ್ಲಿ ಕೈಯಿಟ್ಟುಕೊಂಡು ಡಬ್ಬವನ್ನೇ ನೋಡುತ್ತಿದ್ದಳು.

ಅಂಕಲ್ ತಾವೇ ಎಣಿಸಿದರು. ನಿಯಮ ಬಿದ್ದುಹೋಯಿತು. ಒಂದೆರಡು ಚೀಟಿಯಿಂದಲ್ಲ, ಸಾರಾಸಗಟಾಗಿ. ಹಿಂದಿನ ಸಲ ಚಪ್ಪಾಳೆ ತಟ್ಟಿದವರೇ ಇವರೆಲ್ಲ. ಈಗ ಒಬ್ಬರೂ ಪಕ್ಕದವರ ಮುಖ ನೋಡಲಿಲ್ಲ. ತಂಗಿ ಕಿವಿಯಲ್ಲಿ ಹೇಳಿದಾಗ ಅಕ್ಕ ಕಣ್ಣು ಮುಚ್ಚಿಕೊಂಡಳು. ನನಗೆ ಅಳು ಬರುವಷ್ಟು ಸಂತೋಷವಾಯಿತು.

ಅಲ್ಲಿಗೆ ಮುಗಿಯಬೇಕಿತ್ತು. ಆದರೆ ಅಂಕಲ್‌ಗೆ ನೋವಾಗಿತ್ತು. ಚೀಟಿಗಳನ್ನು ಮತ್ತೆ ಮತ್ತೆ ಸರಿಮಾಡಿ ಜೋಡಿಸಿ, ತಲೆ ಎತ್ತಿ, ಮೆತ್ತಗೆ ಇಂಗ್ಲಿಷಿನಲ್ಲಿ ಹೇಳಿದರು: "ರಿಸಲ್ಟ್ ಒಪ್ಪಿಕೊಂಡಿದ್ದೇನೆ. ಸುಮ್ಮನೆ ತಿಳಿದುಕೊಳ್ಳಲು ಕೇಳುತ್ತೇನೆ. ಬೇಡವೆಂದು ಬರೆದವರು ಯಾರ್ಯಾರು, ಕೈ ಎತ್ತಿ."

ಒಂದು ಕೈಯೂ ಏಳಲಿಲ್ಲ. ಡಾಕ್ಟರು, ಪ್ರೊಫೆಸರು, ಪಾರ್ಸಿಪನಿಯ ಆಫೀಸುಗಳಲ್ಲಿ ನೂರು ಜನಕ್ಕೆ ಅಪ್ಪಣೆ ಮಾಡುವವರು, ಎಲ್ಲರೂ ತಮ್ಮ ಚಹಾದ ಲೋಟ ನೋಡುತ್ತ ಕೂತರು.

ಪಕ್ಕದ ಮನೆಯಾಕೆಯ ಕೈ ಎದ್ದಿತು. ನೆಟ್ಟಗಲ್ಲ, ಮೊಣಕೈಗೆ ಇನ್ನೊಂದು ಕೈ ಆಸರೆ ಕೊಟ್ಟು. ಅಕ್ಕ ಗಾಬರಿಯಿಂದ ಆಕೆಯ ತೋಳು ಹಿಡಿದು ಕೆಳಗೆಳೆಯುತ್ತಿದ್ದಳು, ತಮ್ಮ ಭಾಷೆಯಲ್ಲಿ ಏನೋ ಬೇಡುತ್ತಿದ್ದಳು. ಆಕೆ ಬಿಡಿಸಿಕೊಂಡಳು.

"ಸಾಕು, ಇಳಿಸಿ" ಅಂದರು ಅಂಕಲ್.

"ಮೊದಲು ಎಣಿಸಿ" ಅಂದಳು.

ನನಗೆ ಭಯವಾಯಿತು. ನಾಚಿಕೆಗೇಡಿನ ಭಯ. ಈ ಮನುಷ್ಯ ನನಗೆ ಏನು ಮಾಡಿಯಾರು? ಹೆಚ್ಚೆಂದರೆ ಗಣೇಶನ ಹಬ್ಬಕ್ಕೆ ಕರೆಯುವುದಿಲ್ಲ. ಹುಟ್ಟಿದಾಗಿನಿಂದ ವೋಟಿನ ದೇಶ ಕಂಡವಳು, ಇನ್ನೊಂದು ವೋಟಿನ ದೇಶದಲ್ಲಿ ಕೂತು, ತೊಡೆಯ ಮೇಲಿಂದ ಕೈ ತೆಗೆಯಲಾರದೆ ಬೆವರಿದೆ.

ಆಮೇಲೆ ಎತ್ತಿದೆ. ಎತ್ತುವಾಗ ಆಕೆಯ ಕೈಯನ್ನೇ ನೋಡುತ್ತಿದ್ದೆ. ಅಂಕಲ್ ಮುಖ ನೋಡಿದ್ದರೆ ಎತ್ತುತ್ತಿರಲಿಲ್ಲ.