ಅಟ್ಟದ ಮೇಲೊಬ್ಬ ಫ್ರೆಂಚ್ ಪೈಲಟ್

ಫೋನಿನಲ್ಲಿ ಕೇಳುವ ಕತೆಗಳಿಗೆ ದನಿ ಕೊಡುವುದು ನನ್ನ ಕೆಲಸ. ಅದನ್ನು ಕೆಲಸ ಅನ್ನುವವಳು ನಾನೊಬ್ಬಳೇ. ನೊಣವಿನಕೆರೆಯ ನೆಂಟರೊಬ್ಬರು ನನ್ನ ದನಿ ಗುರುತು ಹಿಡಿದು ಮದುವೆಮನೆಯಲ್ಲಿ ಸಾರಿಬಿಟ್ಟರು. ಅವತ್ತೇ ನಮ್ಮ ಯಜಮಾನರು, "ಸಾಕು ಬುಡು, ಮನೆ ಹೆಂಗಸ್ರ ದನಿ ಊರೋರ ಕಿವೀಲಿ ಯಾಕೆ?" ಅಂದರು. ಅತ್ತೆಯೂ ಹೂಂಗುಟ್ಟಿದರು. ಅಲ್ಲಿಗೆ ನನ್ನ ಬಾಯಿಗೆ ಬೀಗ ಬಿತ್ತು.

ಆದರೆ ಒಪ್ಪಿಕೊಂಡಿದ್ದ ಒಂದು ಕತೆ ಅರ್ಧಕ್ಕೆ ನಿಂತಿತ್ತು. ಎರಡನೇ ಮಹಾಯುದ್ಧದ ಕಾಲದ ಫ್ರೆಂಚ್ ಯುದ್ಧವಿಮಾನದ ಪೈಲಟ್ ಒಬ್ಬನ ಸೈನಿಕ ಜೀವನ. ಇವತ್ತು ಸಂಜೆಯೊಳಗೆ ಬಾರದಿದ್ದರೆ ಬೇರೆಯವರಿಗೆ ಕೊಡುತ್ತೇವೆ, ಮುಂದೆಯೂ ನಿಮ್ಮನ್ನು ಕರೆಯುವುದಿಲ್ಲ ಎಂದು ಕತೆ ಓದಿಸುವ ಕಂಪನಿಯವರು ಹೇಳಿದ್ದರು. ಯಜಮಾನರು ತಿಪಟೂರಿನ ಮಾರ್ಕೆಟ್ಟಿಗೆ ಹೋದದ್ದೇ ತಡ, ನಾನು ಅಟ್ಟ ಹತ್ತಿದೆ. ಕೊಬ್ಬರಿಯಾಗಲೆಂದು ವರ್ಷವಿಡೀ ಬಿಟ್ಟ ತೆಂಗಿನಕಾಯಿಗಳ ರಾಶಿ ಅಲ್ಲಿ. ಸಿಪ್ಪೆ ಅರ್ಧ ಸದ್ದನ್ನು ನುಂಗಿಬಿಡುತ್ತದೆ. ಅಂಥ ಸ್ಟುಡಿಯೊ ಬೆಂಗಳೂರಿನಲ್ಲೂ ಸಿಗಲಿಕ್ಕಿಲ್ಲ. ಸೆಕೆ ಮಾತ್ರ ಜೀವ ಹಿಂಡುತ್ತಿತ್ತು.

ನನ್ನ ಕತೆಯ ಪುಣ್ಯಾತ್ಮ ಮೀಸೆ ಮೂಡುವ ವಯಸ್ಸಿಗೇ ಸೇನೆ ಸೇರಿ ವಿಮಾನ ಕಲಿತವನು. ಶತ್ರುಗಳ ಒಂದೆರಡು ವಿಮಾನ ಉರುಳಿಸುವಷ್ಟರಲ್ಲಿ ಅವನ ದೇಶವೇ ಸೋತಿತು. ವಿಮಾನ ಒಪ್ಪಿಸಿ ಮನೆಗೆ ಹೋಗಿ ಎಂದು ಮೇಲಿನವರ ಆಜ್ಞೆ. ಹಾರುವವನನ್ನು ನೆಲದ ಮೇಲೆ ಕೂರಿಸಿದರೆ ಏನಾಗುತ್ತದೆಂದು ನನಗೆ ಯಾರೂ ಹೇಳಿಕೊಡಬೇಕಿರಲಿಲ್ಲ. ಇಂಜಿನ್ ಪರೀಕ್ಷೆ ಮಾಡುತ್ತೇನೆಂದು ಕಾವಲಿನವರನ್ನು ನಂಬಿಸಿ, ಹಾಡುಹಗಲೇ ಸಮುದ್ರ ದಾಟಿ ಇಂಗ್ಲೆಂಡಿಗೆ ಹಾರಿದ. ಅಲ್ಲಿಂದ ಮತ್ತೆ ಕಾದಾಡಿದ. ಒಮ್ಮೆ ಸಮುದ್ರಕ್ಕೆ ಬಿದ್ದು ಬದುಕಿ, ತಿರುಗಿ ವಿಮಾನ ಹತ್ತಿದ. ತನ್ನೂರು ಬಿಡುಗಡೆಯಾದದ್ದನ್ನು ಮೇಲಿಂದಲೇ ನೋಡಿದ. ಯುದ್ಧ ಮುಗಿದ ಮೇಲೆ ಪದಕ ಬಂತು, ಹೊಸಬರಿಗೆ ಹಾರಲು ಕಲಿಸುವ ಹುದ್ದೆಯೂ ಬಂತು.

ಕೊನೆಯ ಸಾಲು ಓದಿ, ಕಳಿಸುವ ಗುಂಡಿ ಒತ್ತಿ, ಖುಷಿಗೆ ಕಾಲು ಚಾಚಿದೆನೋ ಇಲ್ಲವೋ, ರಾಶಿ ಜಾರಿತು. ಕಾಯಿಗಳು ದಡದಡ ಉರುಳಿದವು. ನಮ್ಮ ಕಡೆ ಅಟ್ಟದಲ್ಲಿ ಸದ್ದಾದರೆ ಮೊದಲು ಏಣಿ ತೆಗೆಯುತ್ತಾರೆ, ಯಾರೆಂದು ಆಮೇಲೆ ಕೇಳುತ್ತಾರೆ. ಕೊಬ್ಬರಿ ಕಳ್ಳ ಇಳಿದು ಓಡಬಾರದಲ್ಲ. ಅತ್ತೆ ಓಡಿಬಂದು ಏಣಿ ಎಳೆದುಕೊಂಡರು.

"ಯಾವನ್ಲಾ ಅವ್ನು?"

"ನಾನು ಅತ್ತೆ."

ಅತ್ತೆ ಕತ್ತೆತ್ತಿ ನೋಡಿದರು.

"ಅದನ್ನೇ ಓದ್ತಿದ್ದೀಯೇನೇ? ಬ್ಯಾಡ ಅಂದಿರ್ಲಿಲ್ವಾ?"

ನಾನು ಸುಳ್ಳು ಹೇಳಲಿಲ್ಲ. ಹೇಳಿದ್ದರೂ ನಂಬುವವರಲ್ಲ.

"ಏಣಿ ಹಾಕ್ತೀನಿ. ಮೊದ್ಲು ಆ ಫೋನ್ ಕೆಳಕ್ಕೆ ಕೊಡು. ನಿನ್ ಗಂಡ ಬರೋ ಹೊತ್ತಾಯ್ತು ಕಣೇ."

ನಮ್ಮೂರಿನ ಸಿಗ್ನಲ್ಲಿಗೆ ಅವಸರವೆಂಬುದೇ ಇಲ್ಲ. ಫೋನ್ ನೋಡಿದರೆ, ಕಳಿಸಿದ ಕತೆ ಕಾಲುಭಾಗವಷ್ಟೇ ಹೋಗಿ ನಿಂತಿತ್ತು. ಫೋನ್ ಅವರ ಕೈಗೆ ಹೋದರೆ ಅಲ್ಲಿಗೆ ಮುಗಿಯಿತು. ಹೆಂಚಿನ ಕಾವಿಗೆ ಉಸಿರು ಕಟ್ಟುತ್ತಿತ್ತು. ಬಗ್ಗಿ ನೋಡಿದರೆ ಅತ್ತೆಯ ಕೈ ಚಾಚಿಕೊಂಡೇ ಇತ್ತು. ಅಷ್ಟರಲ್ಲಿ ಅಂಗಳದಲ್ಲಿ ಯಜಮಾನರ ಬೈಕು ನಿಂತಿತು. ನನಗೆ ನಿಜಕ್ಕೂ ಹೆದರಿಕೆಯಾಯಿತು. ಫೋನನ್ನು ಎದೆಗೆ ಅವಚಿಕೊಂಡು ಕಾಯಿಗಳ ನಡುವೆ ಇನ್ನೂ ಒಳಕ್ಕೆ ಸರಿದು ಕೂತೆ.

"ಏಣಿ ನಿಮ್ಮ ಹತ್ರಾನೇ ಇರ್ಲಿ ಅತ್ತೆ," ಅಂದೆ.