ಮೇಷ್ಟ್ರ ಸ್ವಂತ ಅಭಿಪ್ರಾಯ

ಮೇಷ್ಟ್ರು ಸಾಧು ಮನುಷ್ಯ. ಆದರೆ ಅವರ ಮನೆಯಲ್ಲಿ ಯಾವ ತಿಂಗಳು ಯಾರ ಆಳ್ವಿಕೆ ಎಂದು ಹೇಳುವುದು ಮಾತ್ರ ಕಷ್ಟವಾಗಿತ್ತು. ಕಾಲೇಜಿನಲ್ಲಿ ರಾಜ್ಯಶಾಸ್ತ್ರ ಕಲಿಸುತ್ತ, ಉಳಿದ ಹೊತ್ತಿನಲ್ಲಿ ರಾಜಕೀಯ ಚಿಂತನೆಯ ಇತಿಹಾಸವನ್ನು ಸಂಪುಟ ಸಂಪುಟವಾಗಿ ಬರೆಯುತ್ತಿದ್ದ ಅವರು, ಯಾವ ಚಿಂತಕನ ಬಗ್ಗೆ ಬರೆಯುತ್ತಿದ್ದರೋ ಅಷ್ಟು ದಿನ ಅವನೇ ಆಗಿಬಿಡುತ್ತಿದ್ದರು. ಭಯವಿಲ್ಲದೆ ರಾಜ್ಯ ನಿಲ್ಲದು ಎಂದವನ ಅಧ್ಯಾಯ ನಡೆದಾಗ, ಮನೆಗೊಬ್ಬನೇ ಒಡೆಯನಿರಬೇಕು ಎಂದು ಊಟಕ್ಕೆ ಕೂತಲ್ಲೇ ಸಾರಿದರು. ಹೆಂಡತಿ ಮರುಮಾತಾಡದೆ ಕೀಲಿಕೈ ಗೊಂಚಲನ್ನೂ ಸೋರುವ ನಲ್ಲಿಯನ್ನೂ ಮಗಳ ಜಡೆಯನ್ನೂ ಅವರಿಗೇ ಒಪ್ಪಿಸಿದರು. ಒಡೆತನ ಸಂಜೆಯವರೆಗೂ ಬಾಳಲಿಲ್ಲ. ಜನರ ಒಪ್ಪಿಗೆಯೇ ಅಧಿಕಾರದ ಮೂಲ ಎಂದವನ ಸರದಿ ಬಂದಾಗ ಹಜಾರದ ಗೋಡೆಗೆ ಯಾವ ಬಣ್ಣವೆಂದು ಮತದಾನ ಇಟ್ಟರು. ತಾಯಿ, ಮಗಳು ಒಂದಾಗಿ ಸೋಲಿಸಿದರು. ಸೋತದ್ದಕ್ಕೆ ಮೇಷ್ಟ್ರಿಗೆ ಸಂತೋಷವೋ ಸಂತೋಷ, ಸಿದ್ಧಾಂತ ಗೆದ್ದಿತಲ್ಲ.

ಬರವಣಿಗೆಗೆ ಅವರದೊಂದು ಕಟ್ಟುನಿಟ್ಟಿತ್ತು. ಹಾಳೆಯ ಮುಂಬದಿ ಚಿಂತಕನ ವಾದಕ್ಕೆ, ಹಿಂಬದಿ ಅದರ ಖಂಡನೆಗೆ. ಆ ಪುಣ್ಯಾತ್ಮನೇ ಎದುರಿಗೆ ಕೂತು ಓದಿದರೂ ‘ಹೌದಪ್ಪ, ನಾನು ಹೇಳಿದ್ದು ಇದೇ’ ಎನ್ನಬೇಕು. ಅಲ್ಲಿಯತನಕ ಹಾಳೆ ಮಗುಚುವಂತಿಲ್ಲ. ತಮಗೆ ಕಂಡರಾಗದವರಿಗೂ ಈ ಮರ್ಯಾದೆ ತಪ್ಪುತ್ತಿರಲಿಲ್ಲ. ಪಾಠವೂ ಹಾಗೆಯೇ. ವಾರದ ಮೊದಲಲ್ಲಿ ತರಗತಿಗೆ ತರಗತಿಯೇ ರಾಜನ ಪಕ್ಷ ಸೇರಿದರೆ, ವಾರದ ಕೊನೆಗೆ ಅದೇ ಮಕ್ಕಳು ಸಿಂಹಾಸನ ಉರುಳಿಸಲು ಹೊರಟಿರುತ್ತಿದ್ದರು.

ನಿವೃತ್ತಿಯಾದ ಮೇಲೆ ಕೊನೆಯ ಸಂಪುಟವೂ ಮುಗಿಯುತ್ತ ಬಂತು. ಪ್ರಕಾಶನದ ಸಂಪಾದಕಿ ಅವರ ಹಳೆಯ ವಿದ್ಯಾರ್ಥಿನಿ. ಮನೆಗೇ ಬಂದು ಕೂತು, ಪುಸ್ತಕ ಸೊಗಸಾಗಿದೆ ಎಂದು ಮನಸಾರೆ ಹೊಗಳಿ, ಆಮೇಲೆ ಕೊಕ್ಕೆ ಹಾಕಿದಳು.

“ಸರ್, ಇಷ್ಟೂ ಜನ ಏನು ಹೇಳಿದ್ರು ಅಂತ ಗೊತ್ತಾಯ್ತು. ನೀವೇನು ಹೇಳ್ತೀರ?”

ಕೊನೆಯ ಅಧ್ಯಾಯ ಮೇಷ್ಟ್ರದೇ ಆಗಬೇಕು, ಅದಿಲ್ಲದೆ ಸಂಪುಟ ಅಚ್ಚಿಗೆ ಹೋಗುವುದಿಲ್ಲ ಎಂದು ವಿನಯದಿಂದಲೇ ಹೇಳಿದಳು. ಇಷ್ಟು ದೊಡ್ಡ ಪುಸ್ತಕವನ್ನು ಅಡ್ಡಗೋಡೆಯ ಮೇಲೆ ದೀಪ ಇಟ್ಟು ಮುಗಿಸಲಾಗುತ್ತದೆಯೇ? ಅವಳು ಹೇಳಿದ್ದರಲ್ಲಿ ತಪ್ಪಿರಲಿಲ್ಲ.

ಮೇಷ್ಟ್ರು ಬರೆಯಲು ಕೂತರು. ಬೆಳಿಗ್ಗೆ ಮುಂಬದಿಯಲ್ಲಿ ಏನು ಬರೆದರೂ ಮಧ್ಯಾಹ್ನದ ಹೊತ್ತಿಗೆ ಹಿಂಬದಿಯಲ್ಲಿ ಅದು ಪುಡಿಯಾಗಿರುತ್ತಿತ್ತು. ಕುಂಬಾರನಿಗೆ ವರುಷ, ದೊಣ್ಣೆಗೆ ನಿಮಿಷ ಎನ್ನುತ್ತಾರೆ. ಇಲ್ಲಿ ಕುಂಬಾರನೂ ಅವರೇ, ದೊಣ್ಣೆಯೂ ಅವರೇ. ವಾರಗಳು ಕಳೆದವು. ಅಚ್ಚಾಗದೇ ಹೋದರೆ ಹೋಗಲಿ, ಅವರನ್ನು ನಿಜಕ್ಕೂ ಹೆದರಿಸಿದ್ದು ಬೇರೆ. ಇಡೀ ಆಯಸ್ಸು ಬಾಡಿಗೆಯವರಿಂದಲೇ ತುಂಬಿದ ಮನೆಯಂತೆ ಕಳೆದುಹೋಯಿತೇ, ಒಳಗೆ ಮಾಲೀಕನೇ ಇರಲಿಲ್ಲವೇ?

ಹೆಂಡತಿಗೆ ಕೆಳಗಿನ ಕೋಣೆಯಲ್ಲಿ ಹೊಲಿಗೆ ಅಂಗಡಿ. ಮೇಷ್ಟ್ರು ಇಳಿದುಹೋಗಿ, ಬಟ್ಟೆಯ ರಾಶಿ ಸರಿಸಿ ಸ್ಟೂಲಿನ ಮೇಲೆ ಕೂತು, ತಮಗೆ ಅಂತ ಒಂದು ಅಭಿಪ್ರಾಯವೇ ಇಲ್ಲ ಎಂದು ಒಪ್ಪಿಕೊಂಡರು. ಆಕೆ ಮಿಷನ್ ತುಳಿಯುವುದನ್ನು ನಿಲ್ಲಿಸಿದರು.

“ಯಾಕಿಲ್ಲ? ಮದುವೆ ಆದಾಗಿಂದ ಜಗಳ ಆಡ್ತಿದೀವಿ. ನನ್ನ ಮಾತು ಮುಗಿಯೋ ಮುಂಚೆ ಒಂದು ಸಲನಾದ್ರೂ ಬಾಯಿ ಹಾಕಿದೀರಾ? ನಾನು ಬೈದಿದ್ದನ್ನ ನನಗಿಂತ ಚೆನ್ನಾಗಿ ನೀವೇ ಹೇಳಿ, ಇದೇ ತಾನೆ ಅಂತ ಕೇಳ್ತೀರ. ಅದು ಅಭಿಪ್ರಾಯ ಅಲ್ದೆ ಇನ್ನೇನು?”

ಮೇಷ್ಟ್ರು ಮೆಟ್ಟಿಲು ಹತ್ತಿದ್ದೇ ಗೊತ್ತಾಗಲಿಲ್ಲ. ಎದುರಾಳಿಯ ದೂರನ್ನು ಎದುರಾಳಿಯೇ ಒಪ್ಪುವಂತೆ ಹೇಳಬಲ್ಲವರಿಗೆ ಮಾತ್ರ ಆಳುವ ಹಕ್ಕಿದೆ ಎಂದು ಶುರುಮಾಡಿ, ಎದ್ದೇಳದೆ ಅಧ್ಯಾಯ ಮುಗಿಸಿದರು. ಹಾಳೆ ಮಗುಚಿದರು. ಹಿಂಬದಿಗೆ ಏನೂ ಹೊಳೆಯಲಿಲ್ಲ. ಮೊದಲು ಖುಷಿಯಾಯಿತು, ಆಮೇಲೆ ಅನುಮಾನ ಬಂತು. ಖಂಡನೆಯೇ ಇಲ್ಲದ ವಾದವನ್ನು ಅವರು ನಂಬುವವರಲ್ಲ. ಮತ್ತೆ ಕೆಳಗಿಳಿದು ಹೆಂಡತಿಗೆ ಪೂರ್ತಿ ಓದಿ ಹೇಳಿದರು.

ಆಕೆ ಕನ್ನಡಕ ತೆಗೆದು ಕೇಳಿದರು. ಚೆನ್ನಾಗಿದೆ ಎಂದರು. ಕನ್ನಡಕ ಮತ್ತೆ ಹಾಕಿಕೊಂಡು, ಇನ್ನೊಂದು ಮಾತಿದೆ ಎಂದರು.

“ನೀವು ಎಲ್ಲಾರ ಮಾತೂ ಕೇಳ್ತಾ ಕೂತ್ರಿ. ಮಗಳ ಓದು, ಈ ಮನೆ, ನಿಮ್ಮ ಆಪರೇಷನ್ನು, ತೀರ್ಮಾನ ಮಾಡಿದ್ದೆಲ್ಲ ನಾನು. ತಪ್ಪಾದಾಗ ಬೈಸಿಕೊಂಡಿದ್ದೂ ನಾನೇ. ಕೇಳೋರಿಗೆ ಒಳ್ಳೆ ಹೆಸರು, ಮಾಡೋರಿಗೆ ಬೈಗಳು. ಇದನ್ನೂ ಬರೀರಿ.”

ಮೇಷ್ಟ್ರಿಗೆ ನಾಚಿಕೆಯಾಯಿತು. ವಿಚಿತ್ರವೆಂದರೆ, ಜೊತೆಗೇ ಮನಸ್ಸು ಹಗುರವೂ ಆಯಿತು. ಅಲ್ಲೇ ಕತ್ತರಿಸುವ ಮೇಜಿನ ಮೇಲೆ ಹಾಳೆಯಿಟ್ಟು ಹಿಂಬದಿ ತುಂಬಿಸಿದರು. ಒಂದು ಕಡೆ ಆಕೆ ತಿದ್ದಿಸಿದರು, ಇನ್ನೊಂದು ಕಡೆ ಕಣ್ಣೊರೆಸಿಕೊಂಡು ಸರಿ ಎಂದರು.

ಹಾಳೆಗಳು ಕೈಸೇರಿದ ಮೇಲೆ ಸಂಪಾದಕಿ ಫೋನ್ ಮಾಡಿದಳು. ಅಧ್ಯಾಯ ಅವಳಿಗೆ ಬಹಳ ಹಿಡಿಸಿತ್ತು. ಆದರೆ ಪುಸ್ತಕ ಆಕ್ಷೇಪದಲ್ಲೇ ಮುಗಿಯುತ್ತದಲ್ಲ, ಅದಕ್ಕೆ ಉತ್ತರವೆಲ್ಲಿ ಎಂದಳು. ಉತ್ತರ ಇದ್ದಿದ್ದರೆ ಹೆಂಡತಿಗೇ ಯಾವತ್ತೋ ಕೊಡುತ್ತಿದ್ದೆ ಎಂದರು ಮೇಷ್ಟ್ರು. ಹಾಗಾದರೆ ಇದನ್ನು ಇಡುವುದೋ ಬಿಡುವುದೋ ಅಮ್ಮನವರನ್ನು ಕೇಳಿ ಹೇಳುತ್ತೀರಾ, ನಾಳೆ ಮತ್ತೆ ಫೋನ್ ಮಾಡಲೇ ಎಂದು ಅವಳು ಕೇಳಿದಳು. ಆ ಮನೆಯ ವ್ಯವಹಾರ ಅವಳಿಗೂ ಗೊತ್ತಿತ್ತು.

ಕೆಳಗಡೆ ಮಿಷನ್ ಓಡುತ್ತಿತ್ತು. ಮೇಷ್ಟ್ರು ಕರೆಯಲು ಬಾಯಿ ತೆರೆದವರು ಹಾಗೇ ಮುಚ್ಚಿಕೊಂಡರು.

“ಬೇಡಮ್ಮ. ಹಾಗೇ ಅಚ್ಚಾಗಲಿ. ತಪ್ಪಾದ್ರೆ ಬೈಗಳು ಈ ಸಲ ನನಗೆ ಬರಲಿ.”