ಎರಡು ಲೈಟುಕಂಬಗಳ ನಡುವಿನ ಶಿಲ್ಪಿಗಳು

ನಮ್ಮ ಕಡೆ ಆಟೋರಿಕ್ಷಾದ ತಲೆಗೆ ಮೈಕಿನ ಹಾರ್ನ್ ಕಟ್ಟಿಕೊಂಡು ಸುದ್ದಿ ಸಾರುವವರು ನಾಲ್ವರಿದ್ದರು. ನಾಲ್ವರೂ ಸೇರಿ ಒಂದು ಸಂಘ ಕಟ್ಟಿ, ರಬ್ಬರ್ ಸ್ಟಾಂಪು ಮಾಡಿಸಿ, ತಮ್ಮನ್ನು ತಾವೇ ಶಬ್ದಶಿಲ್ಪಿಗಳು ಎಂದು ಕರೆದುಕೊಂಡಿದ್ದರು. ಕಲ್ಲುಕುಟಿಗನಿಗೆ ಕಲ್ಲಾದರೂ ಸಿಗುತ್ತದೆ, ನಮಗೆ ಸಿಗುವುದು ಗಾಳಿ ಮತ್ತು ಹೊತ್ತು ಮಾತ್ರ ಎನ್ನುತ್ತಿದ್ದರು ಅಧ್ಯಕ್ಷರು. ಕಿರಿಮಂಜೇಶ್ವರದಲ್ಲಿ ಅವರದು ಟೈಲರ್ ಅಂಗಡಿ. ರವಿಕೆಯ ಅಳತೆ ಎಷ್ಟೋ ಸಲ ತಪ್ಪಿದ್ದುಂಟು. ವಾಕ್ಯದ ಅಳತೆ ತಪ್ಪಿದ್ದಿಲ್ಲ.

ಅವರ ಕಸುಬು ಇಷ್ಟು: ಆಟೋ ಎರಡನೇ ಗೇರಿನಲ್ಲಿ ಒಂದು ಲೈಟುಕಂಬದಿಂದ ಮುಂದಿನದಕ್ಕೆ ಹೋಗುವುದರೊಳಗೆ ಏನು, ಎಲ್ಲಿ, ಯಾವಾಗ, ಮೂರೂ ಮುಗಿಯಬೇಕು. ಅದಕ್ಕಿಂತ ಉದ್ದವಾದರೆ ಅರ್ಧ ಸುದ್ದಿ ಈ ಮನೆಗೆ, ಇನ್ನರ್ಧ ಆಚೆ ಮನೆಗೆ. ತಲ್ಲೂರಿನ ಹೆದ್ದಾರಿಗೆ ಕೆತ್ತಿದ ವಾಕ್ಯ ನಾವುಂದದ ಒಳದಾರಿಗೆ ನಡೆಯದು. ಅಧ್ಯಕ್ಷರು ವಾಚು ಹಿಡಿದು ಒಂದೊಂದೇ ಅಕ್ಷರ ಕತ್ತರಿಸುವುದನ್ನು ಅಣಕಿಸಲು ನಾನು ಬಹಳ ಪ್ರಯತ್ನಪಟ್ಟೆ. ಬರಲಿಲ್ಲ.

ಉಳಿದದ್ದೆಲ್ಲ ನನಗೆ ಬರುತ್ತಿತ್ತು. ಆಗ ಇಪ್ಪತ್ತೆರಡರ ಪ್ರಾಯ. ಬಸ್ ಕಂಡಕ್ಟರನ ಮೂಗುದನಿ, ಹೆಡ್ ಮೇಷ್ಟ್ರ ಕೆಮ್ಮು, ಸೋದರಮಾವ ಬೊಂಬಾಯಿಂದ ತಂದ ಹಿಂದಿ, ಎಲ್ಲವೂ ನನ್ನ ಗಂಟಲಲ್ಲಿ ಬಿಡಾರ ಹೂಡಿದ್ದವು. ಸ್ವಂತ ಸ್ವರ ಮಾತ್ರ ಆಡಿನ ಮರಿಯದು. ಹಾಗಾಗಿ ಅದನ್ನು ಆದಷ್ಟು ಹೊರಗೆ ಬಿಡುತ್ತಿರಲಿಲ್ಲ. ಸಂಘದ ಐದನೆಯವನಾಗಬೇಕು, ಊರೆಲ್ಲ ನನ್ನನ್ನು ಕೇಳಬೇಕು ಎಂಬುದೊಂದೇ ಆಸೆ. ಯಾರ ಸ್ವರದಲ್ಲಿ ಕೇಳಬೇಕು ಎಂದು ಯೋಚಿಸಿರಲಿಲ್ಲ.

ಸಂಘಕ್ಕೆ ಸೇರಲು ಪರೀಕ್ಷೆಯಿತ್ತು. ಅಭ್ಯರ್ಥಿ ಸಾರಿಕೊಂಡು ಹೋಗಬೇಕು. ಆಮೇಲೆ ದಾರಿಬದಿಯ ಮನೆಯಲ್ಲಿ ಮೀನು ಕೊಯ್ಯುತ್ತಿರುವ ಹೆಂಗಸನ್ನು ಹುಡುಕಿ, ಕೇಳಿಸಿದ್ದೇನೆಂದು ವಿಚಾರಿಸಬೇಕು. ಕೈ ಕೊಳೆಯಾದವಳು ಬರೆದಿಟ್ಟುಕೊಳ್ಳಲಾರಳು, ತಲೆಯಲ್ಲಿ ನಿಂತದ್ದೇ ಶಿಲ್ಪ. ಒಂದೇ ಕಟ್ಟುಪಾಡು: ಆಕೆಗೆ ಗೊತ್ತಿಲ್ಲದಿದ್ದರೆ ನಾವು ಉತ್ತರ ಹೇಳಿಕೊಡಬಾರದು. ಪರೀಕ್ಷೆಯ ಪಾವಿತ್ರ್ಯ!

ನನಗೆ ಸಿಕ್ಕಿದ್ದು ಕಣ್ಣು ತಪಾಸಣೆ ಶಿಬಿರ. ಐತವಾರ, ಬೆಳಿಗ್ಗೆ ಒಂಬತ್ತು, ನಾವುಂದದ ಶಾಲೆ. ಅಧ್ಯಕ್ಷರು ಪಕ್ಕದಲ್ಲೇ ಕೂತಿದ್ದರು. ಮೈಕ್ ಹಿಡಿದದ್ದೇ ಆಡಿನ ಮರಿ ಹೆದರಿ ಅಡಗಿತು. ಬಾಯಿಂದ ಬಂದದ್ದು ಸಾಕ್ಷಾತ್ ಅಧ್ಯಕ್ಷರ ಸ್ವರ, ಎದೆಯಾಳದ ಆ ಗುಡುಗು, ಕೊನೆಯಲ್ಲಿ ಎಳೆಯುವ ಆ ರಾಗ. ಅವರಿಗೆ ಸಿಟ್ಟು ಬರಬಹುದು ಅಂದುಕೊಂಡರೆ, ಕಣ್ಣುಮುಚ್ಚಿ ತಲೆದೂಗುತ್ತಿದ್ದಾರೆ!

ಮೂರನೇ ಕಂಬದ ಬಳಿ ಆಟೋ ನಿಲ್ಲಿಸಿ ಒಂದು ಅಂಗಳಕ್ಕೆ ಹೋದೆವು. ವಯಸ್ಸಾದ ಹೆಂಗಸೊಬ್ಬರು ಬಂಗಡೆ ಕೊಯ್ಯುತ್ತಿದ್ದರು.

"ಹ್ವಾಯ್, ಈಗ ಮೈಕಂಗೆ ಹೇಳದ್ದ್ ಕೇಂತಾ?" ಎಂದರು ಅಧ್ಯಕ್ಷರು.

"ಕೇಣ್ದೆ ಎಂತ! ನಿಮ್ದೇ ಸ್ವರ ಅಲ್ದಾ? ಎಷ್ಟ್ ಲಾಯ್ಕ್ ಹೇಳ್ತ್ರಿ ಮಾರಾಯ್ರೆ! ಕೇಂತಾ ಕೂಕಂಬ ಅಂದೇಳಿ ಆತ್ತ್."

"ಅದ್ ಸಮ. ಎಂತದ್ ಕಾರ್ಯಕ್ರಮ ಅಂದೇಳಿ?"

ಅವರು ಕತ್ತಿ ನಿಲ್ಲಿಸಿ ಯೋಚಿಸಿದರು. "ಯಕ್ಷಗಾನದ ಆಟವಾ? ಅಲ್ಲ, ಎಂತದೋ ಲಾಯ್ಕದ್ದೇ."

ನನ್ನ ಕಥೆ ಮುಗಿಯಿತು. ಆದರೆ ಅಧ್ಯಕ್ಷರ ಮುಖ ನನ್ನದಕ್ಕಿಂತ ಕೆಟ್ಟಿತ್ತು. ತಪ್ಪು ನನ್ನ ನಕಲಿನದು ಎಂದು ತೋರಿಸಲು ಅವರು ಆಟೋ ತಿರುಗಿಸಿ, ಮೈಕ್ ಕಿತ್ತುಕೊಂಡು, ಅದೇ ಮನೆ ಮುಂದೆ ತಾವೇ ಸಾರಿದರು. ಕಂಬದಿಂದ ಕಂಬಕ್ಕೆ, ಒಂದಕ್ಷರ ಹೆಚ್ಚಿಲ್ಲ, ಕಮ್ಮಿಯಿಲ್ಲ. ಆಮೇಲೆ ನನ್ನನ್ನು ಅಟ್ಟಿದರು: "ಹೋಯಿ ಕೇಂಡ್ಕಂಡ್ ಬಾ. ಆ ಅಮ್ಮ ಸಮ ಹೇಳ್ರೆ ನಿನ್ನನ್ನೂ ಸೇರ್ಸ್ಕಂತೆ, ಹೋಯ್ಲಿ."

ಅಂದರೆ ಆಕೆ ಏನೇ ಹೇಳಲಿ, ಹೊರಗೆ ಬಂದು ಒಂದು ಸುಳ್ಳು ಹೇಳಿದರೆ ನಾನು ಶಿಲ್ಪಿ.

"ಈ ಸಲ ಮತ್ತೂ ಲಾಯ್ಕಿತ್ತ್ ಮಗಾ," ಎಂದರು ಆಕೆ. "ಅದ್ ಎಂತ ಅಂದೇಳಿ ನೀನಾರೂ ಹೇಳ್." ಹೇಳುತ್ತಲೇ ಕತ್ತಿ ಎಲ್ಲಿಟ್ಟೆನೆಂದು ನೆಲವನ್ನೆಲ್ಲ ಸವರುತ್ತಿದ್ದರು. ಕತ್ತಿ ಅವರ ಮೊಣಕಾಲಿನ ಪಕ್ಕದಲ್ಲೇ ಇತ್ತು.

"ಅಮ್ಮಾ, ಕಣ್ಣಿನ್ ಡಾಕ್ಟ್ರ್ ಬತ್ರ್. ಐತ್ವಾರ ಒಂಬತ್ ಗಂಟಿಗೆ, ಶಾಲಿಗೆ. ನೀವ್ ಹೋಯ್ಕ್."

ಆಡಿನ ಮರಿಯೇ ಕೂಗಿತ್ತು. ತಿರುಗಿ ನೋಡಿದರೆ ಬೇಲಿಯಾಚೆ ಅಧ್ಯಕ್ಷರು ನಿಂತಿದ್ದಾರೆ.

"ಉತ್ರ ಹೇಳ್ಕೊಟ್ಟೆ, ಅಲ್ದಾ?"

"ಹೌದ್."

"ಕಟ್ಟುಪಾಡ್ ಗೊತ್ತಿತ್ತಲೆ ನಿಂಗ್?"

"ಗೊತ್ತಿತ್ತ್."

ಮರುದಿನ ರಬ್ಬರ್ ಸ್ಟಾಂಪು ಒತ್ತಿದ ಕಾಗದ ಬಂತು. ನಿಯಮ ಮುರಿದ ಕಾರಣ ಅರ್ಜಿ ತಿರಸ್ಕರಿಸಲಾಗಿದೆ. ಕಾಗದ ಮಾತ್ರ ಒಂದೂವರೆ ಪುಟ. ಅದನ್ನು ಓದಿ ಮುಗಿಸುವಷ್ಟರಲ್ಲಿ ಆಟೋ ಕಂಬಗಳನ್ನೆಲ್ಲ ದಾಟಿ ಬೈಂದೂರು ಮುಟ್ಟೀತು.

ಐತವಾರ ಶಾಲೆಗೆ ಹೋದೆ. ಆಕೆ ಸಾಲಿನಲ್ಲಿ ಮೊದಲನೆಯವರು. ಹಿಂದೆ ಹೆಚ್ಚು ಜನವಿರಲಿಲ್ಲ. ಸುದ್ದಿ ಹೇಗೆ ಗೊತ್ತಾಯಿತೆಂದು ನರ್ಸ್ ಕೇಳಿದ್ದಕ್ಕೆ, "ಯಾವ್ದೋ ಒಂದ್ ಮಾಣಿ ಬಂದ್ ಹೇಳ್ತ್," ಎಂದರು. "ಸ್ವರ ಒಂಚೂರೂ ಲಾಯ್ಕಿಲ್ಲ, ಪಾಪ."